ಬೋಜೋ ಜೋಕರ್‌ನ ಹಳೆಯ ವಸ್ತುವಿನಿಂದ ಅವನ ಚರಿತ್ರೆ ತಿಳಿಯುವ ಬಗೆ

ಕಿವಿಗಳ ಮೇಲೆ ರೆಕ್ಕೆಗಳಂತೆ ಚಾಚಿಕೊಂಡ ಕೆಂಪು ಕೂದಲಿನ ಬೋಜೋನ ಗೊಂಬೆಯೋ ಗ್ರಾಮಫೋನ್ ತಟ್ಟೆಯೋ ನಿಮ್ಮ ಕೈಗೆ ಬಂದರೆ, ಮೊದಲು ಅದರ ಮೇಲಿರುವ ಹಕ್ಕುಸ್ವಾಮ್ಯದ ಸಾಲನ್ನು ಓದಿ. ಅಮೆರಿಕದ ಮಕ್ಕಳ ಈ ಅಚ್ಚುಮೆಚ್ಚಿನ ಜೋಕರ್‌ನನ್ನು ಸೃಷ್ಟಿಸಿದವರು, ಅವನಾಗಿ ನಟಿಸಿದವರು ಮತ್ತು ಅವನನ್ನು ಮಾರಿದವರು ಬೇರೆ ಬೇರೆ ಜನ. ವಸ್ತುವಿನ ಹಿಂದೆ ಇವರಲ್ಲಿ ಯಾರಿದ್ದಾರೆಂದು ಕೇಳಿಕೊಳ್ಳುವುದೇ ಮುಖ್ಯ ಕೆಲಸ.

1946ರಲ್ಲಿ ಗ್ರಾಮಫೋನ್ ತಟ್ಟೆಗಳ ಕಂಪನಿ ಕ್ಯಾಪಿಟಲ್ ರೆಕಾರ್ಡ್ಸ್‌ಗಾಗಿ ಆಲನ್ ಲಿವಿಂಗ್‌ಸ್ಟನ್ ಅವನನ್ನು ರೂಪಿಸಿದರು. ಪಿಂಟೋ ಕೋಲ್ವಿಗ್ ದನಿಯಾದರು. ಚಿತ್ರಪುಸ್ತಕದೊಡನೆ ಬರುತ್ತಿದ್ದ ಆ ತಟ್ಟೆಗಳನ್ನು ಕೇಳುತ್ತ, ಸೂಚನೆ ಬಂದಾಗ ಮಗು ಪುಟ ತಿರುಗಿಸಬೇಕಿತ್ತು. ಆದ್ದರಿಂದ ಪುಸ್ತಕವನ್ನೂ ತಟ್ಟೆಯನ್ನೂ ಎಂದಿಗೂ ಅಗಲಿಸಬೇಡಿ. ಒಂದಿಲ್ಲದೆ ಇನ್ನೊಂದು ಮೂಕ.

ಲ್ಯಾರಿ ಹಾರ್ಮನ್ ಹೆಸರಿದ್ದರೆ ಅದು 1956ರ ನಂತರದ್ದು. ಪ್ರಚಾರಕ್ಕಾಗಿ ಬೋಜೋನ ವೇಷ ಹಾಕುತ್ತಿದ್ದ ಹಾರ್ಮನ್, ಆ ವರ್ಷ ಪಾಲುದಾರರೊಂದಿಗೆ ಪಾತ್ರದ ಪರವಾನಗಿ ಹಕ್ಕುಗಳನ್ನು ಕೊಂಡರು. ಆದರೆ ಚಿತ್ರಪುಸ್ತಕದ ತಟ್ಟೆಗಳು ಆ ಮಾರಾಟಕ್ಕೆ ಸೇರಿರಲಿಲ್ಲವಾದ ಕಾರಣ, ಕ್ಯಾಪಿಟಲ್ ಹೆಸರಿದೆಯೆಂದ ಮಾತ್ರಕ್ಕೆ ತಟ್ಟೆ ಹಳೆಯದೆಂದು ತೀರ್ಮಾನಿಸಬಾರದು. ಹಕ್ಕುಸ್ವಾಮ್ಯದ ವರ್ಷವೂ ತಯಾರಾದ ವರ್ಷವೇ ಆಗಿರಬೇಕೆಂದಿಲ್ಲ.

ಮುಂದೆ ಊರನ್ನು ಪತ್ತೆಹಚ್ಚಿ. ಹಾರ್ಮನ್ ಮೊದಲಿಗೆ ಒಂದೇ ಕಾರ್ಯಕ್ರಮವನ್ನು ದೇಶಕ್ಕೆಲ್ಲ ತೋರಿಸದೆ, ಪ್ರತಿ ಊರಿನ ಟೀವಿ ಕೇಂದ್ರವೂ ತನ್ನದೇ ನಟನನ್ನು ಬೋಜೋ ಮಾಡಿಕೊಳ್ಳಲು ಪರವಾನಗಿ ಕೊಟ್ಟರು. ನನ್ನ ದೃಷ್ಟಿಯಲ್ಲಿ ಅವನು ಇಷ್ಟೊಂದು ಮಕ್ಕಳಿಗೆ ಸ್ವಂತದವನಾದದ್ದು ಈ ವ್ಯಾಪಾರದ ಲೆಕ್ಕಾಚಾರದಿಂದಲೇ. ವಾಷಿಂಗ್ಟನ್‌ನಲ್ಲಿ ಬೋಜೋ ಆಗಿದ್ದ ವಿಲ್ಲರ್ಡ್ ಸ್ಕಾಟ್ 1963ರಲ್ಲಿ ಮೆಕ್‌ಡೊನಾಲ್ಡ್ಸ್ ಹೋಟೆಲುಗಳ ಜೋಕರ್ ರೊನಾಲ್ಡ್ ಮೆಕ್‌ಡೊನಾಲ್ಡ್‌ನ ವೇಷ ತೊಟ್ಟರು. ಷಿಕಾಗೋದವರಿಗಾದರೋ ಬೋಜೋ ಎಂದರೆ ಡಬ್ಲ್ಯೂಜಿಎನ್ ಕೇಂದ್ರದ ಬಾಬ್ ಬೆಲ್. ಅಲ್ಲಿ ಮಗುವೊಂದು ಸಾಲಾಗಿಟ್ಟ ಆರು ಬಕೆಟ್‌ಗಳಿಗೆ ಒಂದೊಂದಾಗಿ ಪಿಂಗ್‌ಪಾಂಗ್ ಚೆಂಡು ಎಸೆಯುತ್ತಿತ್ತು. ಬಕೆಟ್ ದೂರವಾದಷ್ಟೂ ಬಹುಮಾನ ದೊಡ್ಡದು. ಆ ಪ್ರದರ್ಶನದ ಟಿಕೆಟ್ಟಿಗಾಗಿ ಕುಟುಂಬಗಳು ವರ್ಷಗಟ್ಟಲೆ ಕಾದಿದ್ದವು.

ಸೃಷ್ಟಿಯ ಶ್ರೇಯಸ್ಸನ್ನು ಬರೆಯುವಾಗ ಎಚ್ಚರವಿರಲಿ. ಹಾರ್ಮನ್ ಬಹುಕಾಲ ತಾವೇ ಮೂಲವೆಂಬಂತೆ ಮಾತನಾಡಿದ್ದರಿಂದ ಕೋಲ್ವಿಗ್ ಹೆಸರು ಮಸುಕಾಯಿತು. ಜೋಕರ್‌ಗಳನ್ನು ಗೌರವಿಸುವ ಸಂಸ್ಥೆಯಾದ ಅಂತರರಾಷ್ಟ್ರೀಯ ಕ್ಲೌನ್ ಹಾಲ್ ಆಫ್ ಫೇಮ್, ಹಾರ್ಮನ್‌ರಿಗೆ ಹಿಂದೆ ಕೊಟ್ಟಿದ್ದ ಗೌರವಫಲಕವನ್ನು 2004ರಲ್ಲಿ ಇಳಿಸಿ, ಮೊದಲ ಬೋಜೋ ಎಂದು ಕೋಲ್ವಿಗ್‌ರನ್ನು ಗೌರವಿಸಿತು. ಹಾರ್ಮನ್ ಇಲ್ಲದಿದ್ದರೆ ಬೋಜೋ ಊರೂರಿಗೆ ಹೋಗುತ್ತಿರಲಿಲ್ಲ ಎಂಬುದನ್ನೂ ಅಷ್ಟೇ ಪ್ರಾಮಾಣಿಕವಾಗಿ ದಾಖಲಿಸಬೇಕು.

ಷಿಕಾಗೋದ ಕಾರ್ಯಕ್ರಮ 2001ರಲ್ಲಿ ನಿಂತಿತಾದರೂ ಅದರ ಮುಂದೆ ಕುಳಿತಿದ್ದ ಮಕ್ಕಳು ಇಂದಿಗೂ ಇದ್ದಾರೆ. ವಸ್ತುವಿನೊಡನೆ ಅದರ ಒಡೆಯರ ನೆನಪನ್ನೂ ಬರೆದಿಡಿ: ಯಾವ ಊರು, ಯಾವ ವರ್ಷ, ಅವರ ಬೋಜೋ ಯಾರು, ಚೆಂಡು ಎಷ್ಟನೆಯ ಬಕೆಟ್‌ವರೆಗೆ ಹೋಗಿತ್ತು.