ವಾಚನಾಲಯದಲ್ಲಿ ಅಕಿ ಕೌರಿಸ್ಮಾಕಿ: ನಾಲ್ಕು ಸಂಜೆಗಳ ಚಿತ್ರಪ್ರದರ್ಶನವನ್ನು ಹೊಂದಿಸುವ ಬಗೆ

ಕಾಸರಗೋಡಿನ ಕನ್ನಡ ಊರುಗಳ ವಾಚನಾಲಯಗಳಲ್ಲಿ ಒಬ್ಬನೇ ನಿರ್ದೇಶಕನ ನಾಲ್ಕು ದಶಕಗಳ ಕೆಲಸವನ್ನು ತೋರಿಸಬೇಕೆಂದು ಯೋಚಿಸುವವರಿಗೆ ಫಿನ್ಲೆಂಡಿನ ಅಕಿ ಕೌರಿಸ್ಮಾಕಿ ಬಹಳ ಅನುಕೂಲವಾದ ಆಯ್ಕೆ. ಅವರ ಹೆಚ್ಚಿನ ಚಿತ್ರಗಳು ಒಂದೂವರೆ ಗಂಟೆಯ ಆಸುಪಾಸಿನಲ್ಲಿ ಮುಗಿಯುವುದರಿಂದ, ಸಂಜೆ ಐದಕ್ಕೆ ಆರಂಭಿಸಿದರೆ ಚರ್ಚೆ ಮುಗಿದ ಮೇಲೂ ಬದಿಯಡ್ಕ, ಪೆರ್ಲದ ಕಡೆಯವರು ಬಸ್ಸಿನ ಚಿಂತೆಯಿಲ್ಲದೆ ಮನೆಗೆ ಮರಳಬಹುದು. ಪಾತ್ರಗಳು ಮಾತನಾಡುವುದೂ ಕಡಿಮೆ. ಆದ್ದರಿಂದ ಇಂಗ್ಲಿಷ್ ಅಡಿಬರಹವನ್ನು ವೇಗವಾಗಿ ಓದಲಾಗದ ಹಿರಿಯರಿಗೆ ಒಂದು ಪುಟದ ಕನ್ನಡ ಕಥಾಸಾರವನ್ನು ಮೊದಲೇ ಕೊಟ್ಟರೆ ಸಾಕಾಗುತ್ತದೆ.

ಆಯ್ಕೆಯಲ್ಲಿ ಮಾತ್ರ ಎಚ್ಚರ ಬೇಕು. 1983ರಲ್ಲಿ ದಾಸ್ತೊಯೆವ್‌ಸ್ಕಿಯ ಕಾದಂಬರಿಯನ್ನು ಹೆಲ್ಸಿಂಕಿಗೆ ತಂದವರು, 1987ರಲ್ಲಿ ಹ್ಯಾಮ್ಲೆಟ್‌ನನ್ನು ಉದ್ಯಮಿಗಳ ನಡುವೆ ಕೂರಿಸಿದವರು, 1989ರಲ್ಲಿ ಉದ್ದ ಮೂತಿಯ ಬೂಟು ತೊಟ್ಟ ರಾಕ್ ವಾದ್ಯವೃಂದವೊಂದನ್ನು ಅಮೆರಿಕಕ್ಕೆ ಕಳಿಸಿದವರು, 1992ರಲ್ಲಿ ಪ್ಯಾರಿಸ್ಸಿನ ಬಡ ಕಲಾವಿದರ ಕಥೆಯನ್ನು ಫ್ರೆಂಚಿನಲ್ಲೇ ಹೇಳಿದವರು ಒಬ್ಬರೇ ಎಂಬುದು ಪಟ್ಟಿಯಿಂದ ತಿಳಿಯುತ್ತದೆಯೇ ಹೊರತು ಮನಸ್ಸಿಗೆ ನಾಟುವುದಿಲ್ಲ. ಈ ವೈವಿಧ್ಯದ ಹಿಂದಿರುವ ಕೈ ಒಂದೇ ಎಂಬುದನ್ನು ಕಾಣಿಸುವುದೇ ನಮ್ಮ ಉದ್ದೇಶವಾದುದರಿಂದ, ದುಡಿಯುವವರ ಕಥೆಗಳನ್ನು ಬೆನ್ನೆಲುಬಾಗಿ ಇಟ್ಟುಕೊಳ್ಳುವುದು ಒಳ್ಳೆಯದು.

ಮೊದಲ ಸಂಜೆಗೆ, ಕಸದ ಲಾರಿಯ ಚಾಲಕ ಮತ್ತು ಸೂಪರ್ ಮಾರ್ಕೆಟ್ಟಿನ ಕ್ಯಾಷಿಯರ್ ನಡುವಿನ ಪ್ರೀತಿಯ ಕಥೆಯಾದ 'ಶ್ಯಾಡೋಸ್ ಇನ್ ಪ್ಯಾರಡೈಸ್' (1986) ಇರಲಿ. ಎರಡನೆಯದು 'ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್' (1990). ಮರದ ದಿಮ್ಮಿಯೊಂದು ಹಾಳೆಯಾಗಿ ಸುಲಿದು, ಕಡ್ಡಿಗಳಾಗಿ ಸೀಳಿ, ಪೆಟ್ಟಿಗೆಗಳಾಗಿ ಸಾಗುವುದನ್ನು ತೋರಿಸಿದ ಬಳಿಕವೇ ನಾವು ಕಾರ್ಖಾನೆಯ ಹುಡುಗಿಯನ್ನು, ಅದೂ ಮೊದಲು ಅವಳ ಕೈಗಳನ್ನು, ನೋಡುತ್ತೇವೆ. ಬಹಳ ಹೊತ್ತು ಯಾರೂ ಬಾಯಿ ಬಿಡುವುದಿಲ್ಲ. ಬೀಡಿ ಕಟ್ಟುವ ಮನೆಗಳಲ್ಲಿ ಬೆಳೆದ ನಮ್ಮ ಪ್ರೇಕ್ಷಕರಿಗೆ, ಕೈ ತನ್ನಷ್ಟಕ್ಕೆ ದುಡಿಯುತ್ತಿರುವಾಗ ಮುಖ ಎತ್ತಲೋ ನೋಡುವ ಆ ಭಂಗಿಯನ್ನು ಯಾರೂ ವಿವರಿಸಬೇಕಾಗಿಲ್ಲ. ಆದ್ದರಿಂದ ಚಿತ್ರಕ್ಕೆ ಮೊದಲು ದೀರ್ಘ ಪ್ರಸ್ತಾವನೆ ಬೇಡ. ಅಧ್ಯಕ್ಷ ಭಾಷಣವಂತೂ ಖಂಡಿತ ಬೇಡ.

ಮೂರನೆಯ ಸಂಜೆಯ 'ಯುಹಾ' (1999) ಯುಹಾನಿ ಅಹೊ ಅವರ 1911ರ ಕಾದಂಬರಿಯನ್ನು ಆಧರಿಸಿದ ಕಪ್ಪು–ಬಿಳುಪಿನ ಮೂಕಿಚಿತ್ರ. ಇಲ್ಲಿ ಮಾತಿನ ಬದಲು ಬರಹದ ಫಲಕಗಳೂ ಸಂಗೀತವೂ ಇರುವುದರಿಂದ, ಒಬ್ಬರು ಫಲಕಗಳನ್ನು ಕನ್ನಡದಲ್ಲಿ ಗಟ್ಟಿಯಾಗಿ ಓದಬಹುದು. ತಾಳಮದ್ದಳೆಯ ಅರ್ಥಧಾರಿಗಳಿಗೆ ಈ ಕೆಲಸವನ್ನು ವಹಿಸದಿರುವುದು ಕ್ಷೇಮ. ಒಂದು ಸಾಲು ಒಂದೇ ಸಾಲಾಗಿ ಉಳಿಯಬೇಕು. ಧ್ವನಿಪೆಟ್ಟಿಗೆ ಮಾತ್ರ ಚೆನ್ನಾಗಿರಲಿ.

ಕೊನೆಯದಾಗಿ, ಕಾನ್ ಉತ್ಸವದಲ್ಲಿ ಜ್ಯೂರಿ ಪ್ರಶಸ್ತಿ ಪಡೆದ 'ಫಾಲನ್ ಲೀವ್ಸ್' (2023). ಮತ್ತೆ ಸೂಪರ್ ಮಾರ್ಕೆಟ್, ಮತ್ತೆ ಒಂಟಿ ಹೆಣ್ಣು, ಮತ್ತೆ ಕಡಿಮೆ ಮಾತು. ಆದರೆ ಮನೆಯ ರೇಡಿಯೊದಲ್ಲಿ ಉಕ್ರೇನ್ ಯುದ್ಧದ ವಾರ್ತೆ. ಊಟಕ್ಕೆ ಒಬ್ಬ ಅತಿಥಿ ಬರುವನೆಂದು ಅವಳು ಇನ್ನೊಂದು ತಟ್ಟೆಯನ್ನು ಕೊಂಡು ತರುವ ದೃಶ್ಯವನ್ನು ಚರ್ಚೆಗೆ ಆರಿಸಿಕೊಳ್ಳಿ. ಬಡತನವೂ ಏಕಾಂತವೂ ಒಂದೇ ವಸ್ತುವಿನಲ್ಲಿ ಕಾಣುವ ಈ ಬಗೆಯನ್ನು ಮೊದಲ ಸಂಜೆಯ ಚಿತ್ರದೊಂದಿಗೆ ಹೋಲಿಸಿದರೆ, ಮೂವತ್ತೇಳು ವರ್ಷಗಳಲ್ಲಿ ಏನು ಬದಲಾಯಿತು, ಏನು ಬದಲಾಗಲಿಲ್ಲ ಎಂಬುದನ್ನು ಪ್ರೇಕ್ಷಕರೇ ಹೇಳುತ್ತಾರೆ. ಐದನೆಯ ಸಂಜೆ ದೊರೆತರೆ, ನೆನಪು ಕಳೆದುಕೊಂಡವನ ಕಥೆಯಾದ 'ದಿ ಮ್ಯಾನ್ ವಿದೌಟ್ ಎ ಪಾಸ್ಟ್' (2002) ಚಿತ್ರವನ್ನು ಮೂಕಿಚಿತ್ರದ ನಂತರ ಸೇರಿಸಬಹುದು.

ಮನೆಯಲ್ಲಿ ನೋಡಲೆಂದು ಪಡೆದ ಸ್ಟ್ರೀಮಿಂಗ್ ಚಂದಾದಿಂದ ಸಾರ್ವಜನಿಕ ಪ್ರದರ್ಶನದ ಹಕ್ಕು ಬರುವುದಿಲ್ಲ. ವಿತರಕರ ಅನುಮತಿಗೆ ಸಾಕಷ್ಟು ಮೊದಲೇ ಬರೆಯಬೇಕು. ಡಿಸೆಂಬರ್ ತಿಂಗಳನ್ನು ತಪ್ಪಿಸುವುದೂ ಲೇಸು, ಏಕೆಂದರೆ ಆಗ ಸಿನಿಮಾಸಕ್ತರಲ್ಲಿ ಹಲವರು ತಿರುವನಂತಪುರದ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವಕ್ಕೆ ರೈಲು ಹತ್ತಿರುತ್ತಾರೆ. ಉಳಿದವರು ಬಯಲಾಟದ ಚೌಕಿಯಲ್ಲಿರುತ್ತಾರೆ.