ಮಿಸೆಸ್ ರ್ಯಾಮ್ಸೇಗೆ ‘ಅವಳು’ ಅನ್ನಲೋ, ‘ಅವರು’ ಅನ್ನಲೋ

ಕನ್ನಡಕ್ಕೆ ಅನುವಾದಿಸಲು ಕೂತವಳು ಮೊದಲ ವಾಕ್ಯದಲ್ಲೇ ಸಿಕ್ಕಿಬಿದ್ದೆ. ವರ್ಜೀನಿಯಾ ವೂಲ್ಫ್ ಅವರ ‘ಟು ದ ಲೈಟ್‌ಹೌಸ್’ ಕಾದಂಬರಿ ಮಿಸೆಸ್ ರ್ಯಾಮ್ಸೇ ಎಂಬ ತಾಯಿಯ ಮಾತಿನಿಂದ ಶುರುವಾಗುತ್ತದೆ. ನಾಳೆ ಹವಾ ಚೆನ್ನಾಗಿದ್ದರೆ ಖಂಡಿತ ಲೈಟ್‌ಹೌಸ್‌ಗೆ ಹೋಗೋಣ ಅಂತ ಆರು ವರ್ಷದ ಮಗ ಜೇಮ್ಸ್‌ಗೆ ಹೇಳುತ್ತಾಳೆ. ‘ಹೇಳುತ್ತಾಳೆ’ ಅಂತ ಈಗ ಸಲೀಸಾಗಿ ಬರೆದುಬಿಟ್ಟೆ. ಆವತ್ತು ಅರ್ಧ ಗಂಟೆ ಪೆನ್ನು ಹಿಡಿದು ಸುಮ್ನೆ ಕೂತಿದ್ದೆ. ಹೇಳುತ್ತಾಳೋ, ಹೇಳುತ್ತಾರೋ? ಆಕೆಗೆ ಐವತ್ತು ವರ್ಷ, ಎಂಟು ಮಕ್ಕಳು. ಇಂಗ್ಲಿಷಿನ ‘ಶಿ’ಗೆ ಈ ತಾಪತ್ರಯವೇ ಇಲ್ಲ.

ನಾನು ಶಿವಮೊಗ್ಗದ ಒಂದು ಪಿಯು ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಮಾಡುತ್ತೇನೆ. ಅನುವಾದ ರಾತ್ರಿಯ ಕೆಲಸ. ಹೆಣ್ಣು ಬರೆಯಬೇಕಾದರೆ ವರ್ಷಕ್ಕೆ 500 ಪೌಂಡು ಮತ್ತು ಸ್ವಂತದ್ದೊಂದು ಕೋಣೆ ಬೇಕು ಅಂತ ವೂಲ್ಫ್ 1929ರಲ್ಲಿ ಬರೆದದ್ದು ಎಲ್ಲರಿಗೂ ಗೊತ್ತು. ನನಗಿರುವುದು ಊಟದ ಮೇಜು. ಎಲ್ಲರ ಊಟ ಮುಗಿದು, ಮೇಜು ಒರೆಸಿದ ಮೇಲೆ ನನ್ನ ಪಾಳಿ. ಆಕೆಯ ಕಥೆಯಲ್ಲೂ ಒಂದು ಊಟದ ಮೇಜಿದೆ. 1917ರಲ್ಲಿ ಆಕೆ ಮತ್ತು ಗಂಡ ಲೆನರ್ಡ್ ಒಂದು ಪುಟ್ಟ ಕೈಯಚ್ಚಿನ ಯಂತ್ರ ತಂದು, ರಿಚ್ಮಂಡ್‌ನ ತಮ್ಮ ಮನೆಯ ಊಟದ ಕೋಣೆಯಲ್ಲಿಟ್ಟು ಹೋಗರ್ತ್ ಪ್ರೆಸ್ ಶುರುಮಾಡಿದರು. ಅಚ್ಚಿನ ಮೊಳೆ ಜೋಡಿಸುವ ಕೆಲಸ ವರ್ಜೀನಿಯಾದು. ಎಚ್ ಮೊಳೆಗಳನ್ನೂ ಎನ್ ಮೊಳೆಗಳನ್ನೂ ಕಲೆಸಿ ಹಾಕಿದ್ದನ್ನು ಅಕ್ಕ ವನೆಸ್ಸಾಗೆ ಕಾಗದದಲ್ಲಿ ಬರೆದುಕೊಂಡಿದ್ದಾರೆ. ನನ್ನ ಅಪ್ಪ ಕಂಪೋಸಿಟರ್ ಆಗಿದ್ದವರು. ಈ ವಿಷಯ ಹೇಳಿದಾಗ ಅವರು ನಕ್ಕರು. “ಇಪ್ಪತ್ತಾರು ಅಕ್ಷರಕ್ಕೇ ಹೀಗಾ? ನಮ್ಮ ಒತ್ತಕ್ಷರದ ಖಾನೆ ತೋರಿಸಬೇಕಿತ್ತು ಆಯಮ್ಮಂಗೆ.”

ಹಕ್ಕಿನ ವಿಷಯ ಬೇಗ ಹೇಳಿ ಮುಗಿಸುತ್ತೇನೆ. ವೂಲ್ಫ್ ತೀರಿಕೊಂಡದ್ದು 1941ರ ಮಾರ್ಚ್ 28ರಂದು. ನಮ್ಮ ದೇಶದಲ್ಲಿ ಲೇಖಕರು ಸತ್ತ ಮೇಲೆ 60 ವರ್ಷ ಹಕ್ಕುಸ್ವಾಮ್ಯ ಇರುತ್ತದೆ. ಹಾಗಾಗಿ 2002ರಿಂದ ಇಲ್ಲಿ ಯಾರು ಬೇಕಾದರೂ ಅನುವಾದಿಸಬಹುದು. ಯಾವ ಪ್ರತಿ ಅನ್ನುವುದು ಮಾತ್ರ ಮುಖ್ಯ. 1927ರ ಬ್ರಿಟಿಷ್ ಮುದ್ರಣಕ್ಕೂ ಅಮೆರಿಕದ ಮುದ್ರಣಕ್ಕೂ ಆಕೆ ಕರಡನ್ನು ಬೇರೆ ಬೇರೆಯಾಗಿ ತಿದ್ದಿದ್ದರು. ಎರಡರಲ್ಲೂ ಅಲ್ಲಲ್ಲಿ ವಾಕ್ಯಗಳೇ ಬೇರೆ. ಇದು ಗೊತ್ತಾಗುವ ಹೊತ್ತಿಗೆ ನಾನು ಅರವತ್ತು ಪುಟ ಮುಗಿಸಿದ್ದೆ. ಮತ್ತೆ ಮೊದಲಿಂದ ಹೋಲಿಸಿದೆ. ಬೈದುಕೊಂಡೇ ಹೋಲಿಸಿದೆ.

ಈಗ ಅವಳು–ಅವರು ಕಥೆಗೆ ಬರೋಣ. ಈ ಕಾದಂಬರಿಯಲ್ಲಿ ಹೊರಗೆ ನಡೆಯುವುದು ಕಡಿಮೆ, ನಡೆಯುವುದೆಲ್ಲ ತಲೆಯೊಳಗೆ. ಒಂದೇ ವಾಕ್ಯ ತಾಯಿಯ ಮನಸ್ಸಲ್ಲಿ ಶುರುವಾಗಿ, ಚಿತ್ರ ಬರೆಯುವ ಲಿಲಿಯ ಮನಸ್ಸು ದಾಟಿ, ಗಂಡನ ಗೊಣಗಾಟದಲ್ಲಿ ಮುಗಿಯಬಹುದು. ಮೊದಲ ಸಲ ನಾನು ಎಲ್ಲ ಕಡೆ ‘ಅವಳು’ ಹಾಕಿಕೊಂಡು ಹೋದೆ. ಹತ್ತು ಪುಟ ಅತ್ತೆಗೆ ಓದಿ ಹೇಳಿದೆ. ಅವರು ಕಾದಂಬರಿಯ ಹುಚ್ಚಿನವರು, ಇಂಗ್ಲಿಷ್ ಬರುವುದಿಲ್ಲ. ಇಂಥವರಿಗಿಂತ ಒಳ್ಳೆ ಪರೀಕ್ಷಕರು ಸಿಗಲ್ಲ.

“ಇದನ್ನ ಯಾರು ಅಂದ್ಕೋತಿರೋದು?” ಅಂದರು.

“ಲಿಲಿ.”

“ಮತ್ತೆ ಅಷ್ಟು ದೊಡ್ಡ ಹೆಂಗಸನ್ನ ಅವಳು ಅಂತಾಳಲ್ಲೇ?”

ಅಲ್ಲಿ ಸಿಕ್ಕಿತು ದಾರಿ. ಅಂಗಡಿಯಿಂದ ಬಣ್ಣದ ಪೆನ್ಸಿಲ್ ಡಬ್ಬಿ ತಂದೆ. ಇಂಗ್ಲಿಷ್ ಪುಸ್ತಕದ ಪ್ರತಿ ಸಾಲಿನ ಕೆಳಗೆ, ಆ ಸಾಲು ಯಾರ ತಲೆಯೊಳಗಿದೆಯೋ ಅವರ ಬಣ್ಣದ ಗೆರೆ ಎಳೆದೆ. ಲಿಲಿಗೆ ಹಸಿರು, ತಾಯಿಗೆ ಕೆಂಪು, ಜೇಮ್ಸ್‌ಗೆ ನೀಲಿ, ಗಂಡನಿಗೆ ಕಂದು. ಆಮೇಲೆ ಬಣ್ಣ ನೋಡಿ ಸರ್ವನಾಮ ಹಾಕಿದೆ. ಹಸಿರು ಸಾಲಿನಲ್ಲಿ ಮಿಸೆಸ್ ರ್ಯಾಮ್ಸೇ ‘ಅವರು’. ಕಂದು ಸಾಲಿನಲ್ಲಿ ‘ಅವಳು’. ನೀಲಿಯಲ್ಲಿ ‘ಅಮ್ಮ’. ಆ ಹುಡುಗನಿಗೆ ಅಪ್ಪನ ಮೇಲೆ ಎಂಥ ಸಿಟ್ಟು ಅಂದರೆ, ಕೈಗೆ ಕೊಡಲಿ ಸಿಕ್ಕಿದ್ದರೆ ಎದೆ ಸೀಳಿಬಿಡುತ್ತಿದ್ದ. ಹಾಗಾಗಿ ನೀಲಿ ಸಾಲಿನಲ್ಲಿ ಅಪ್ಪ ‘ಅವನು’. ಅತ್ತೆಗೆ ಇದು ಹಿಡಿಸಲಿಲ್ಲ. “ಮನಸ್ಸಲ್ಲಿ ಅಂದ್ಕೊಳ್ಳೋದು ಅತ್ತೆ, ಬಾಯಲ್ಲಲ್ಲ” ಅಂದೆ. ಸ್ವಲ್ಪ ಹೊತ್ತು ಬಿಟ್ಟು, “ಮನಸ್ಸಲ್ಲಾದ್ರೆ ಸರಿ” ಅಂದರು.

ಇನ್ನೊಂದು ತೊಂದರೆ ‘ಎಂದುಕೊಂಡಳು’. ಇಂಗ್ಲಿಷಿನಲ್ಲಿ ಈ ಮಾತು ವಾಕ್ಯದ ನಡುವೆ ಎರಡು ಅಲ್ಪವಿರಾಮಗಳ ಮಧ್ಯೆ ಸದ್ದಿಲ್ಲದೆ ಕೂರುತ್ತದೆ. ನಮ್ಮಲ್ಲಿ ಅದು ವಾಕ್ಯದ ಕೊನೆಗೇ ಬಂದು ನಿಲ್ಲುತ್ತದೆ. ಎಂಟು ಸಾಲು ಓದಿದ ಮೇಲೆ, ಓ, ಇದು ಅವಳು ಅಂದುಕೊಂಡದ್ದಾ ಅಂತ ಗೊತ್ತಾಗುತ್ತದೆ. ಒಂದು ಪುಟದಲ್ಲಿ ಹನ್ನೊಂದು ‘ಎಂದುಕೊಂಡಳು’ ಎಣಿಸಿದೆ. ಗೋಡೆಗೆ ಮೊಳೆ ಹೊಡೆದ ಹಾಗೆ ಕೇಳುತ್ತಿತ್ತು. ಬಹಳಷ್ಟನ್ನು ಕಿತ್ತುಹಾಕಿದೆ. ಅದರ ಜಾಗಕ್ಕೆ ‘ತಾನು’, ‘ತನಗೆ’, ‘ತನ್ನ’ ಬಂದವು. ‘ಲಿಲಿ ಬ್ರಷ್ ಎತ್ತಿದಳು. ತನಗೆ ಇದು ಆಗುತ್ತಾ?’ ಅಂದರೆ ಸಾಕು, ನಾವು ಆಗಲೇ ಲಿಲಿಯ ತಲೆಯೊಳಗೆ ಇರುತ್ತೇವೆ. ಇಂಗ್ಲಿಷಿನಲ್ಲಿ ‘ಶಿ’ ಅಂದಾಗ ಯಾವ ‘ಶಿ’ ಅಂತ ತಡಕಾಡಬೇಕು. ನಮ್ಮ ‘ತಾನು’ ನೇರ ಒಳಗೆ ಕರೆದುಕೊಂಡು ಹೋಗುತ್ತದೆ. ಕನ್ನಡ ನನಗೆ ಅಡ್ಡ ಬರುತ್ತಿದೆ ಅಂತ ಅಲ್ಲಿಯವರೆಗೂ ಗೊಣಗುತ್ತಿದ್ದವಳು ಅವತ್ತಿಗೆ ಬಾಯಿ ಮುಚ್ಚಿದೆ.

ಮಿಸ್ಟರ್ ರ್ಯಾಮ್ಸೇ ತತ್ವಶಾಸ್ತ್ರದವರು. ಯೋಚನೆ ಅನ್ನುವುದು ಎ ಯಿಂದ ಝಡ್‌ವರೆಗಿನ ಅಕ್ಷರಮಾಲೆ ಇದ್ದ ಹಾಗೆ, ತಾನು ಕ್ಯೂವರೆಗೆ ತಲುಪಿದ್ದೇನೆ, ಆರ್ ಮಾತ್ರ ಸಿಗುತ್ತಿಲ್ಲ ಅನ್ನುವುದು ಅವರ ಕೊರಗು. ಹಾಗೇ ‘ಕ್ಯೂ, ಆರ್’ ಅಂತ ಬರೆದೆ. ಸ್ಟಾಫ್ ರೂಮಿನಲ್ಲಿ ಸಹೋದ್ಯೋಗಿಯೊಬ್ಬರು ಓದಿ ಬಿದ್ದು ಬಿದ್ದು ನಕ್ಕರು. “ಏನ್ ಮೇಡಂ, ದಿನಸಿ ಅಂಗಡಿ ಕ್ಯೂಆರ್ ಕೋಡಾ?” ದುರಂತ ಹಾಸ್ಯವಾಗಿಬಿಟ್ಟಿತ್ತು. ಆಗ ನಮ್ಮ ವರ್ಣಮಾಲೆ ಹಿಡಿದು ನೋಡಿದೆ. ಯ ಆದಮೇಲೆ ರ. ರ್ಯಾಮ್ಸೇ ಹೆಸರೂ ಅದೇ ಅಕ್ಷರದಿಂದ ಶುರು! ಮನುಷ್ಯ ತನ್ನ ಹೆಸರಿನ ಅಕ್ಷರಕ್ಕೇ ಬಂದು ಮುಗ್ಗರಿಸುತ್ತಾನೆ, ಮೂಲದಲ್ಲಿ ಇದ್ದ ಹಾಗೇ. ಕುಣಿದಾಡುವಷ್ಟು ಖುಷಿಯಾಯಿತು. ಒಂದು ವಾರ ಹಾಗೇ ಇಟ್ಟೆ. ಆದರೆ ಸ್ಕಾಟ್ಲೆಂಡಿನ ಸ್ಕೈ ದ್ವೀಪದಲ್ಲಿ ಸಂಜೆ ಹೊತ್ತು ಅಡ್ಡಾಡುವ ಆ ಇಂಗ್ಲಿಷ್ ಪ್ರೊಫೆಸರು ಯ ರ ಲ ವ ಅನ್ನುವುದು ಯಾಕೋ ಕಿವಿಗೆ ಒಗ್ಗಲಿಲ್ಲ. ತೆಗೆದೆ. ಈಗ ‘ಕ್ಯೂ ಅಕ್ಷರ’, ‘ಆರ್ ಅಕ್ಷರ’ ಅಂತ ಬಿಡಿಸಿ, ದೂರ ದೂರ ಬರೆದಿದ್ದೇನೆ. ಆ ‘ರ’ ಬಿಟ್ಟದ್ದಕ್ಕೆ ಇವತ್ತಿಗೂ ಹೊಟ್ಟೆ ಉರಿಯುತ್ತದೆ.

ಲೈಟ್‌ಹೌಸ್‌ಗೆ ‘ದೀಪಸ್ತಂಭ’ ಅಂತ ಹಾಕಿದ್ದೆ. ನಮ್ಮಲ್ಲಿ ದೀಪಸ್ತಂಭ ಅಂದರೆ ದೇವಸ್ಥಾನದ ಮುಂದಿನ ಕಲ್ಲಿನ ಕಂಬ. ದಸರಾ ರಜೆಯಲ್ಲಿ ಕಾಪುವಿಗೆ ಹೋಗಿ, 1901ರಲ್ಲಿ ಕಟ್ಟಿದ ಲೈಟ್‌ಹೌಸ್ ಕೆಳಗೆ ಕತ್ತಲಾಗುವವರೆಗೆ ಕೂತೆ. ಅಲ್ಲಿ ಮೀನು ಮಾರುವವರಿಂದ ಹಿಡಿದು ಎಲ್ಲರೂ ಹೇಳುವುದು ಲೈಟ್‌ಹೌಸ್ ಅಂತಲೇ. ನಾನೂ ಅದನ್ನೇ ಉಳಿಸಿಕೊಂಡೆ.

ಕಷ್ಟದ ಸಾಲು ನಡುವಿನ ಭಾಗದಲ್ಲಿದೆ. ಹತ್ತು ವರ್ಷ ಖಾಲಿ ಮನೆಯಲ್ಲಿ ಗಾಳಿ, ಧೂಳು, ಬೂಷ್ಟು. ಮನುಷ್ಯರ ಸುದ್ದಿ ಬರುವುದು ಚೌಕಾಕಾರದ ಕಂಸಗಳೊಳಗೆ, ಒಂದೋ ಎರಡೋ ಸಾಲಿನಲ್ಲಿ. ಅಷ್ಟು ಪುಟ ನಮ್ಮನ್ನು ಹಿಡಿದಿಟ್ಟ ಮಿಸೆಸ್ ರ್ಯಾಮ್ಸೇ ಅಲ್ಲಿ, ವಾಕ್ಯದ ಒಂದು ಮೂಲೆಯಲ್ಲಿ ಸತ್ತುಹೋಗುತ್ತಾಳೆ. ಮುಖ್ಯ ಕ್ರಿಯಾಪದ ಕೂಡ ಆಕೆಯದಲ್ಲ, ಕೈ ಚಾಚುವ ಗಂಡನದು. ವೂಲ್ಫ್ ಅವರ ತಾಯಿ ಜೂಲಿಯಾ ತೀರಿಕೊಂಡಾಗ ವರ್ಜೀನಿಯಾಗೆ ಹದಿಮೂರು ವರ್ಷ. ಕಲ್ಕತ್ತದಲ್ಲಿ ಹುಟ್ಟಿದ ಆ ಜೂಲಿಯಾಳೇ ಮಿಸೆಸ್ ರ್ಯಾಮ್ಸೇಗೆ ಮೂಲ. ಈ ಪುಸ್ತಕ ಬರೆದಾದ ಮೇಲೆ ತಾಯಿಯ ದನಿ ಕೇಳಿಸುವುದು ನಿಂತಿತು ಅಂತ ವೂಲ್ಫ್ ಮುಂದೆ ಬರೆದಿದ್ದಾರೆ. ಅಂಥ ಸಾವನ್ನು ಹೀಗೆ ಮೂಲೆಗೆ ತಳ್ಳಲು ಎಷ್ಟು ಎದೆಗಾರಿಕೆ ಬೇಕು, ಅಲ್ವಾ?

ನಾನು ಮೊದಲು ‘ಹಿಂದಿನ ರಾತ್ರಿ ಮಿಸೆಸ್ ರ್ಯಾಮ್ಸೇ ನಿಧನರಾದರು’ ಅಂತ ಬರೆದೆ. ಪೇಪರಿನ ಸುದ್ದಿ ಆಯಿತು. ‘ಸತ್ತುಹೋದಳು’ ಅಂದರೆ ಅಳು ಜಾಸ್ತಿಯಾಯಿತು. ಕೊನೆಗೆ ಕನ್ನಡದ ‘-ದ್ದರಿಂದ’ ಕೈಹಿಡಿಯಿತು. ಹಿಂದಿನ ರಾತ್ರಿ ತಟಕ್ಕನೆ ತೀರಿಕೊಂಡಿದ್ದರಿಂದ ಅಂತ ಸಾವನ್ನು ಕಾರಣದ ಒಳಗೆ ಅಡಗಿಸಿದೆ. ಬ್ರಿಟಿಷ್ ಪ್ರತಿಯಲ್ಲಿ ಗಂಡ ಚಾಚಿದ ಕೈ ಬರಿದಾಗಿಯೇ ಉಳಿದದ್ದು ಬೇರೆಯೇ ಒಂದು ಪುಟ್ಟ ವಾಕ್ಯ. ಅದನ್ನು ಹಾಗೇ ಬೇರೆ ಇಟ್ಟೆ. ಅತ್ತೆಗೆ ಓದಿದೆ. ಎರಡು ಪುಟ ಮುಂದೆ ಹೋಗಿದ್ದೆ, ಆಗ ಕೈ ಅಡ್ಡ ಹಿಡಿದು, “ತಡಿ ತಡಿ, ಆಯಮ್ಮ ಹೋಗಿಬಿಟ್ಟಳಾ?” ಅಂದರು.

ಇನ್ನೂ ಮುಗಿಯದೆ ಉಳಿದಿರುವುದು ಮೊದಲ ಭಾಗದ 17ನೇ ಅಧ್ಯಾಯ. ಎಲ್ಲರೂ ರಾತ್ರಿಯೂಟಕ್ಕೆ ಒಂದೇ ಮೇಜಿಗೆ ಕೂರುವ ಅಧ್ಯಾಯ ಅದು. ಒಂದೊಂದು ಸಾಲಿನ ಕೆಳಗೂ ಮೂರು ಮೂರು ಬಣ್ಣ ಬಿದ್ದಿದೆ. ಕೆಂಪು ಪೆನ್ಸಿಲ್ ಹೆಬ್ಬೆರಳಿನಷ್ಟಾಗಿದೆ, ಹೊಸ ಡಬ್ಬಿ ತರಬೇಕು.