ಸಾರ್ವಜನಿಕ ಕಟ್ಟಡದಿಂದ ತೆರವಿನ ನೋಟೀಸು ಬಂದಾಗ ಮಾಡಬೇಕಾದುದೇನು?

ರೈಲ್ವೆ ವಸತಿಗೃಹ, ಎಲ್‌ಐಸಿ ಕಟ್ಟಡದ ಮಳಿಗೆ, ಕೇಂದ್ರ ಸರ್ಕಾರಿ ಕಂಪನಿಯ ಜಾಗ ಮೊದಲಾದವುಗಳಿಂದ ತೆರವುಗೊಳಿಸಲು ಬಳಕೆಯಾಗುವುದು 1971ರ ಕೇಂದ್ರ ಕಾಯ್ದೆ, ಅಂದರೆ ಸಾರ್ವಜನಿಕ ಆವರಣಗಳ (ಅನಧಿಕೃತ ನಿವಾಸಿಗಳ ತೆರವು) ಕಾಯ್ದೆ. ರಾಜ್ಯ ಸರ್ಕಾರದ ಆಸ್ತಿಗಳಿಗೆ 1974ರ ಕರ್ನಾಟಕ ಕಾಯ್ದೆ ಪ್ರತ್ಯೇಕವಾಗಿದೆ. ನೋಟೀಸು ಯಾವ ಕಾಯ್ದೆಯ ಯಾವ ಕಲಮಿನಡಿ ಹೊರಟಿದೆ ಎಂಬುದನ್ನು ಮೊದಲು ಗುರುತಿಸಿಕೊಳ್ಳಬೇಕು. ಇಲ್ಲಿ ಹೇಳುವ ಗಡುವುಗಳು ಕೇಂದ್ರ ಕಾಯ್ದೆಯವು.

ಬಾಡಿಗೆ ಕಾನೂನಿನ ರಕ್ಷಣೆ ತಮಗಿದೆ ಎಂದು ನಂಬಿ ಕೂರುವವರು ಬಹಳ ಮಂದಿ. 1990ರ ಅಶೋಕ ಮಾರ್ಕೆಟಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವು ಬಾಡಿಗೆ ನಿಯಂತ್ರಣ ಕಾಯ್ದೆಗಿಂತ ಈ ಕಾಯ್ದೆಯೇ ಮೇಲು ಎಂದು ತೀರ್ಪಿತ್ತಿದೆ. 15ನೇ ಕಲಮು ಸಿವಿಲ್ ನ್ಯಾಯಾಲಯದ ಬಾಗಿಲನ್ನೂ ಮುಚ್ಚಿರುವುದರಿಂದ, ದಾವೆ ಹೂಡಿ ತಡೆಯಾಜ್ಞೆ ಪಡೆಯುವ ಯತ್ನದಲ್ಲಿ ದಿನ ಕಳೆಯಬಾರದು.

ನಿಜವಾದ ಹೋರಾಟ ನಡೆಯುವುದು ಎಸ್ಟೇಟ್ ಅಧಿಕಾರಿಯ, ಅಂದರೆ ಈ ಕಾಯ್ದೆಯಡಿ ತೆರವಿನ ವಿಚಾರಣೆ ನಡೆಸಿ ಆದೇಶ ಕೊಡುವ ಅಧಿಕಾರಿಯ, ಮುಂದೆಯೇ. 4ನೇ ಕಲಮಿನ ಕಾರಣ ಕೇಳುವ ನೋಟೀಸಿನಲ್ಲಿ ತೆರವಿಗೆ ಆಧಾರವೇನು ಎಂಬುದು ನಿರ್ದಿಷ್ಟವಾಗಿ ಇರಲೇಬೇಕು. ‘ಅನಧಿಕೃತವಾಗಿ ನೆಲೆಸಿದ್ದೀರಿ’ ಎಂಬ ಒಂದೇ ಸಾಲು ಇದ್ದರೆ ಆ ಕೊರತೆಯನ್ನೇ ಮೊದಲ ಆಕ್ಷೇಪವಾಗಿ ಬರೆಯಿರಿ. 2015ರ ತಿದ್ದುಪಡಿಯ ನಂತರ ಉತ್ತರಕ್ಕೆ ಸಿಗುವ ಕಾಲ ನೋಟೀಸು ಹೊರಟ ದಿನದಿಂದ ಏಳು ದಿನ ಮೀರುವುದಿಲ್ಲ. ನೌಕರಿಯ ಕಾರಣದಿಂದ ಕೊಟ್ಟ ವಸತಿಗೃಹಗಳಿಗಂತೂ 2019ರ ತಿದ್ದುಪಡಿಯು ಮೂರೇ ಕೆಲಸದ ದಿನ ಕೊಡುತ್ತದೆ. ನೋಟೀಸನ್ನು ಹೊರಬಾಗಿಲಿಗೆ ಅಂಟಿಸಿ ಹೋದರೂ ಅದು ಜಾರಿಯಾದಂತೆಯೇ. ಆದ್ದರಿಂದ ಅಂಟಿಸಿದ ಸ್ಥಿತಿಯಲ್ಲೇ ಫೋಟೋ ತೆಗೆದು, ನೋಟೀಸಿನ ದಿನಾಂಕವನ್ನೂ ಅದು ಕಣ್ಣಿಗೆ ಬಿದ್ದ ದಿನಾಂಕವನ್ನೂ ಗುರುತು ಹಾಕಿಕೊಳ್ಳಿ.

ಉತ್ತರದಲ್ಲಿ ಹಂಚಿಕೆ ಆದೇಶ, ಗುತ್ತಿಗೆ ಪತ್ರ, ಗುತ್ತಿಗೆ ಮುಗಿದ ನಂತರವೂ ಇಲಾಖೆ ಬಾಡಿಗೆ ಸ್ವೀಕರಿಸಿದ ರಸೀದಿಗಳು, ನವೀಕರಣಕ್ಕೆ ಕೊಟ್ಟ ಅರ್ಜಿ ಇವೆಲ್ಲವನ್ನೂ ಅಡಕಗಳಾಗಿ ಸಂಖ್ಯೆ ಹಾಕಿ ಲಗತ್ತಿಸಿ, ಟಪಾಲು ಶಾಖೆಯಲ್ಲಿ ಸಲ್ಲಿಸಿ, ನಿಮ್ಮ ಪ್ರತಿಯ ಮೇಲೆ ಮುದ್ರೆ ಮತ್ತು ದಿನಾಂಕ ಹಾಕಿಸಿಕೊಳ್ಳಬೇಕು. ಇಲಾಖೆಯ ಕಡತ ನಿಮಗೆ ಅನುಕೂಲವಾಗುವಂತಿದ್ದರೆ ಅದನ್ನು ತರಿಸುವಂತೆ ಲಿಖಿತವಾಗಿ ಕೇಳಿ. ಸಾಕ್ಷಿಗಳನ್ನು ಕರೆಸುವ, ದಾಖಲೆ ಹಾಜರುಪಡಿಸುವಂತೆ ಸೂಚಿಸುವ ಅಧಿಕಾರವನ್ನು 8ನೇ ಕಲಮು ಆ ಅಧಿಕಾರಿಗೆ ಕೊಟ್ಟಿದೆ. ಕೋರಿಕೆಯನ್ನು ಕಾರಣವಿಲ್ಲದೆ ತಳ್ಳಿಹಾಕಿದರೆ ಮೇಲ್ಮನವಿಯಲ್ಲಿ ಅದೇ ಗಟ್ಟಿ ಆಧಾರವಾಗಬಲ್ಲದು. ಬಾಯಿಮಾತಿನಲ್ಲಿ ಹೇಳಿ ಬಂದದ್ದು ಮಾತ್ರ ಕಡತದಲ್ಲಿ ಎಲ್ಲಿಯೂ ಉಳಿಯುವುದಿಲ್ಲ.

ಬಾಕಿ ಬಾಡಿಗೆ ಮತ್ತು ನಷ್ಟ ವಸೂಲಿಗೆ 7ನೇ ಕಲಮಿನಡಿ ಬೇರೆಯೇ ನೋಟೀಸು ಬರುತ್ತದೆ; ಅದಕ್ಕೆ ಪ್ರತ್ಯೇಕ ಉತ್ತರ ಬೇಕು. ಕಾಲಮಿತಿ ಮೀರಿದ ಹಳೆಯ ಬಾಕಿಯನ್ನು ಈ ಕಲಮಿನಡಿ ವಸೂಲು ಮಾಡಲಾಗದು ಎಂದು 1976ರ ಕಾಲೂರಾಮ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಲೆಕ್ಕದ ಪಟ್ಟಿಯಲ್ಲಿ ವರ್ಷಗಳನ್ನು ಒಂದೊಂದಾಗಿ ಪರಿಶೀಲಿಸಿ.

ತೆರವಿನ ಆದೇಶವಾದರೆ 9ನೇ ಕಲಮಿನಡಿ ಜಿಲ್ಲಾ ನ್ಯಾಯಾಧೀಶರಲ್ಲಿ ಮೇಲ್ಮನವಿ ಸಲ್ಲಿಸಲು ಇರುವುದು ಆದೇಶ ಪ್ರಕಟವಾದ ದಿನದಿಂದ 12 ದಿನ. ತಡವಾದರೆ ಸಾಕಷ್ಟು ಕಾರಣ ತೋರಿಸಿ ಮನ್ನಿಸುವಂತೆ ಕೋರಬಹುದಾದರೂ ಅದನ್ನು ನೆಚ್ಚಿಕೊಳ್ಳುವುದು ಅಪಾಯ. ಮೇಲ್ಮನವಿ ಹಾಕಿದ ಮಾತ್ರಕ್ಕೆ ತೆರವು ನಿಲ್ಲುವುದಿಲ್ಲ. ತಡೆಯಾಜ್ಞೆಗೆ ಮಧ್ಯಂತರ ಅರ್ಜಿಯನ್ನು ಅದೇ ದಿನ ಸಲ್ಲಿಸಿ, ತುರ್ತಾಗಿ ಆಲಿಸುವಂತೆ ವಕೀಲರ ಮೂಲಕ ಕೇಳಿಕೊಳ್ಳಬೇಕು.

ಜಿಲ್ಲಾ ನ್ಯಾಯಾಧೀಶರ ತೀರ್ಪಿನ ಮೇಲೆ ಎರಡನೇ ಮೇಲ್ಮನವಿ ಇಲ್ಲ. ಸಂವಿಧಾನದ 226 ಮತ್ತು 227ನೇ ವಿಧಿಗಳಡಿ ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಬಹುದಾದರೂ, ಅಲ್ಲಿ ಸಾಕ್ಷ್ಯವನ್ನು ಮತ್ತೆ ತೂಗುವುದು ಅಪರೂಪ. ಅಧಿಕಾರವ್ಯಾಪ್ತಿಯ ಲೋಪ, ವಿಚಾರಣೆಗೆ ಅವಕಾಶ ಕೊಡದಿರುವುದು, ಕಾರಣವಿಲ್ಲದ ಆದೇಶ ಇಂಥವುಗಳಿಗೇ ಅಲ್ಲಿ ಬೆಲೆ. ಹಕ್ಕಿನ ಆಧಾರವೇ ಇಲ್ಲದಿದ್ದಲ್ಲಿ, ಮಕ್ಕಳ ಪರೀಕ್ಷೆ ಅಥವಾ ಮನೆಯವರ ಚಿಕಿತ್ಸೆಯ ದಾಖಲೆ ಸಹಿತ, ಇಂಥ ದಿನ ಖಾಲಿ ಮಾಡುತ್ತೇವೆಂಬ ಮುಚ್ಚಳಿಕೆಯನ್ನು ಪ್ರಮಾಣಪತ್ರದಲ್ಲಿ ಬರೆದುಕೊಟ್ಟು ಕಾಲಾವಕಾಶ ಕೇಳುವುದೇ ಒಳ್ಳೆಯದು. ಬರೆದುಕೊಟ್ಟ ಮಾತು ಮುರಿದರೆ ನ್ಯಾಯಾಂಗ ನಿಂದನೆಯ ಕ್ರಮ ಎದುರಿಸಬೇಕಾದೀತು.